ಯದುಗಿರಿ, ತಿರುನಾರಾಯಣಪುರ, ಮೇಲುಕೋಟೆ: ಒಂದು ಗಿರಿಪುರದ ಮೂರು ಹೆಸರುಗಳು

ಗುತ್ತಲು ಮಂಡ್ಯನಗರಕ್ಕೆ ಹೊಂದಿಕೊಂಡಿರುವ ಊರು. ಅದರ ಸುತ್ತಣ ಸೀಮೆಯು ವಿಶ್ವೇಶ್ವರಯ್ಯ ನಾಲೆಯ ನೀರಿನಿಂದ ಕಬ್ಬನ್ನೂ ಬತ್ತವನ್ನೂ ಬೆಳೆಯುವುದು. ಅಲ್ಲಿಂದ ವಾಯವ್ಯಕ್ಕೆ ಸುಮಾರು ೩೬ ಕಿಲೋಮೀಟರು ದೂರ ಹೋದರೆ ಈ ಹಸುರು ಹಿಂದುಳಿದು, ಕುರುಚಲು ಕಾಡೂ ಬೋಳುಬಂಡೆಗಳೂ ತೋರತೊಡಗುವುವು. ೧೯೭೪ರಲ್ಲಿ ತೋಳಗಳ ರಕ್ಷಣೆಗಾಗಿ ಅಭಯಾರಣ್ಯವಾದ ಪ್ರದೇಶವಿದು. ಇದರ ನಡುವೆ ಬೆಟ್ಟದ ಮಡಿಲಲ್ಲಿರುವ ಚಿಕ್ಕ ಪಟ್ಟಣವೇ ಮೇಲುಕೋಟೆ. ಇಲ್ಲಿ ಹೊಳೆಯಿಲ್ಲ. ಮಳೆಯ ನೀರನ್ನು ಕಲ್ಲಿನ ಕೊಳಗಳಲ್ಲಿ ಹಿಡಿದು ಬಾಳಿದ ಊರು ಇದು. ಕಲ್ಯಾಣಿಯೂ ಅಕ್ಕತಂಗಿಯರ ಕೊಳಗಳೂ ಇದಕ್ಕೆ ಸಾಕ್ಷಿ.

ನಮ್ಮ ಕಾವ್ಯಗಳಲ್ಲಿಯೂ ಮಾಹಾತ್ಮ್ಯಗಳಲ್ಲಿಯೂ ಈ ಊರಿಗೆ ಯದುಗಿರಿ, ತಿರುನಾರಾಯಣಪುರ, ಮೇಲುಕೋಟೆ ಎಂಬ ಹೆಸರುಗಳು ಬರುವುವು. ಪಾಠ ಹೇಳುವಾಗ ಇವನ್ನು ಪರ್ಯಾಯಪದಗಳೆಂದು ವಿವರಿಸಿ ಮುಂದೆ ಸಾಗುವುದು ವಾಡಿಕೆ. ಆದರೆ ಒಂದೊಂದು ಹೆಸರೂ ಬೆಟ್ಟದ ಒಂದೊಂದು ಉಪಯೋಗವನ್ನು ಸೂಚಿಸುವುದೆಂಬುದನ್ನು ಇಲ್ಲಿ ತೋರಿಸಬಯಸುತ್ತೇವೆ.

ಯದುಗಿರಿ ಎಂಬುದು ವಂಶದ ಹೆಸರು. ಈ ಗಿರಿಯು ಕೃತಯುಗದಲ್ಲಿ ನಾರಾಯಣಾದ್ರಿ, ತ್ರೇತೆಯಲ್ಲಿ ವೇದಾದ್ರಿ, ದ್ವಾಪರದಲ್ಲಿ ಯಾದವಾದ್ರಿ, ಕಲಿಯುಗದಲ್ಲಿ ಯತಿಶೈಲವೆಂದು ಸ್ಥಳಪುರಾಣವು ಹೇಳುವುದು. ಇವುಗಳಲ್ಲಿ ಯದುವಿನ ಹೆಸರೇ ಹೆಚ್ಚಾಗಿ ನಿಂತುದಕ್ಕೆ ಕಾರಣವನ್ನು ಊಹಿಸಬಹುದು. ಹೊಯ್ಸಳರು ತಮ್ಮನ್ನು ಯಾದವಕುಲದವರೆಂದು ಶಾಸನಗಳಲ್ಲಿ ಹೇಳಿಕೊಂಡರು; ಮೈಸೂರಿನ ಒಡೆಯರೂ ಯದುವಂಶದವರೆಂದು ಕರೆದುಕೊಂಡರು. ರಾಜ ಒಡೆಯರು ಅರ್ಪಿಸಿದ ರಾಜಮುಡಿಯೂ ಮುಮ್ಮಡಿ ಕೃಷ್ಣರಾಜ ಒಡೆಯರು ಅರ್ಪಿಸಿದ ಕೃಷ್ಣರಾಜಮುಡಿಯೂ ಈ ಸಂಬಂಧದ ಗುರುತುಗಳು.

ತಿರುನಾರಾಯಣಪುರ ಎಂಬುದು ದೇವರ ಊರಿನ ಹೆಸರು. ಅದರ ಮೊದಲಿನ 'ತಿರು' ಎಂಬ ತಮಿಳು ಮಾತೇ ಶ್ರೀವೈಷ್ಣವರು ಬಂದು ನೆಲಸಿದುದನ್ನು ಸಾರುವುದು. ರಾಮಾನುಜಾಚಾರ್ಯರು ಚೋಳದೇಶವನ್ನು ಬಿಟ್ಟು ತೊಣ್ಣೂರಿಗೆ ಬಂದು, ವಿಷ್ಣುವರ್ಧನನ ಆಶ್ರಯದಲ್ಲಿ ಇಲ್ಲಿ ನಾರಾಯಣನ ಪ್ರತಿಷ್ಠೆಯನ್ನು ಮಾಡಿದರೆಂಬುದು ಸಂಪ್ರದಾಯ. ಇಲ್ಲಿ ಅಧ್ಯಾಪಕರು ಗಮನಿಸತಕ್ಕ ತೊಡಕೊಂದುಂಟು. ಸಂಪ್ರದಾಯವು ಹೇಳುವ ಬಹುಧಾನ್ಯ ಸಂವತ್ಸರವು ಕ್ರಿ. ಶ. ೧೦೯೮-೯೯ಕ್ಕೆ ಸರಿಹೊಂದುವುದು. ವಿಷ್ಣುವರ್ಧನನು ಪಟ್ಟವೇರಿದುದಾದರೋ ಸುಮಾರು ೧೧೦೮ರಲ್ಲಿ. ಆದುದರಿಂದ ಸಂವತ್ಸರವನ್ನು ಒಪ್ಪಿದರೆ ಆತನು ಆಗ ಇನ್ನೂ ಅರಸನಾಗಿರಲಿಲ್ಲವೆಂದೂ, ಅರಸನಾಗಿದ್ದನೆಂದರೆ ಸಂವತ್ಸರವು ನಿಲ್ಲದೆಂದೂ ಹೇಳಬೇಕಾಗುವುದು. ಎರಡನ್ನೂ ಒಂದೇ ವಾಕ್ಯದಲ್ಲಿ ನಿಶ್ಚಯವಾಗಿ ಹೇಳುವುದು ಯುಕ್ತವಲ್ಲ. ಆಚಾರ್ಯರಿಗೆ ನೆರವಾದ ಅಂತ್ಯಜರು ತಿರುಕುಲತ್ತಾರೆಂಬ ಹೆಸರನ್ನು ಪಡೆದು, ಉತ್ಸವದ ಗೊತ್ತಾದ ದಿನಗಳಲ್ಲಿ ಗುಡಿಯನ್ನು ಪ್ರವೇಶಿಸುವ ಹಕ್ಕನ್ನು ಹೊಂದಿದ್ದರೆಂಬುದೂ ಈ ಹೆಸರಿನ ಕಾಲಕ್ಕೇ ಸಂಬಂಧಿಸಿದ ನೆನಪು.

ಮೇಲುಕೋಟೆ ಎಂಬ ಅಚ್ಚಗನ್ನಡದ ಹೆಸರು ದಂಡಿನ ಮಾತು: ಮೇಲಿರುವ ಕೋಟೆ. ಸಮುದ್ರಮಟ್ಟದಿಂದ ೩,೫೦೦ ಅಡಿಗಿಂತ ಎತ್ತರವಾಗಿ, ಯೋಗಾನರಸಿಂಹನ ಗುಡಿಯನ್ನು ಹೊತ್ತಿರುವ ಬೆಟ್ಟದ ನೆತ್ತಿಯಿಂದ ನೋಡಿದವರಿಗೆ ಇದರ ಅರ್ಥವನ್ನು ಬೇರೆಯಾಗಿ ಹೇಳಬೇಕಾಗಿಲ್ಲ. ಆದರೆ ಎತ್ತರವು ಯಾವಾಗಲೂ ಕಾಪಾಡಲಿಲ್ಲ. ೧೭೭೧ರಲ್ಲಿ ಹೈದರಾಲಿಯು ಇಲ್ಲಿಂದ ಶ್ರೀರಂಗಪಟ್ಟಣಕ್ಕೆ ಹಿಮ್ಮೆಟ್ಟುತ್ತಿರುವಾಗ ಚಿನಕುರಳಿಯ ಬಳಿ ಮರಾಠರಿಂದ ಸೋತನು. ಆ ಬಳಿಕ ಊರು ಸೂರೆಹೋಯಿತು. ಕಬ್ಬಿಣದ ಆಸೆಗಾಗಿ ದೇವರ ರಥಗಳನ್ನು ಸುಟ್ಟ ಸಂಗತಿಯನ್ನು ೧೮೦೦-೦೧ರಲ್ಲಿ ಮೈಸೂರು ಸೀಮೆಯನ್ನು ಸುತ್ತಿದ ಬುಕಾನನನು ಬರೆದಿಟ್ಟಿರುವನು.

ಹೀಗೆ ಅರಸರಿಗೆ ವಂಶದ ಗಿರಿಯಾಗಿಯೂ, ಭಕ್ತರಿಗೆ ದೇವರ ಪುರವಾಗಿಯೂ, ಸೈನಿಕರಿಗೆ ಕೋಟೆಯಾಗಿಯೂ ಇದ್ದ ಈ ಊರು ತನ್ನ ಬಂಡೆಯಿಂದ ನೀರನ್ನಲ್ಲದೆ ಬೇರೇನನ್ನೂ ಹೆಚ್ಚಾಗಿ ಪಡೆಯಲಿಲ್ಲ. ಉಳಿದುದೆಲ್ಲವೂ ಬಯಲಿನಿಂದ ಮೇಲೇರಿ ಬಂದುದೇ. ಇಂದಿಗೂ ಫಾಲ್ಗುಣದ ಉತ್ಸವಕ್ಕೆ ವೈರಮುಡಿಯು ಮಂಡ್ಯದ ಖಜಾನೆಯಿಂದ ಹೊರಟು, ದಾರಿಯ ಹಳ್ಳಿಗಳಲ್ಲಿ ಪೂಜೆಗೊಳ್ಳುತ್ತ ಬೆಟ್ಟವನ್ನು ಸೇರುವುದು. ೧೮೫೪ರಲ್ಲಿ ಸ್ಥಾಪಿತವಾದ ಸಂಸ್ಕೃತ ಪಾಠಶಾಲೆಯ ವಿದ್ಯೆಯೂ, ೧೯೦೫ರಲ್ಲಿ ಇಲ್ಲಿ ಜನಿಸಿದ ಪು. ತಿ. ನರಸಿಂಹಾಚಾರ್ಯರ ಕವಿತೆಯೂ ಆ ಋಣವನ್ನು ಬಯಲಿಗೆ ತೀರಿಸಿದುವೆನ್ನಬಹುದು. ಆದಕಾರಣ ಗ್ರಂಥಗಳಿಗೆ ಟಿಪ್ಪಣಿಯನ್ನು ಬರೆಯುವವರು ಕವಿಯು ಈ ಮೂರರಲ್ಲಿ ಯಾವ ಹೆಸರನ್ನು ಆರಿಸಿಕೊಂಡನೆಂಬುದನ್ನು ಗಮನಿಸಬೇಕು. ಅವನು ಬೆಟ್ಟವನ್ನು ಯಾವ ಕಡೆಯಿಂದ ಏರಿದನೆಂಬುದು ಅದರಿಂದಲೇ ತಿಳಿಯುವುದು.