ಮೈನೆರೆಯುವ ವಯಸ್ಸು: ಮಕ್ಕಳಿಗೆ ಹೇಳದೆ ಬಿಟ್ಟ ಮಾತು

ಹೆಬ್ಬೆ ಜಲಪಾತ ನೋಡಲು ಕೆಮ್ಮಣ್ಣುಗುಂಡಿ ಹತ್ತುವವರಿಗೆ, ಕೆಳಗೆ ತರೀಕೆರೆ, ಅಜ್ಜಂಪುರ, ಕಡೂರಿನ ಬಯಲಲ್ಲಿರುವ ಗೊಲ್ಲರಹಟ್ಟಿಗಳು ಕಣ್ಣಿಗೆ ಬೀಳುವುದಿಲ್ಲ. ಮುಟ್ಟಾದ ಹುಡುಗಿ, ಹೆತ್ತ ಬಾಣಂತಿ ಊರಾಚೆಯ ಗುಡಿಸಲಲ್ಲಿರಬೇಕೆಂಬ ಕಟ್ಟುಪಾಡು ಕಾಡುಗೊಲ್ಲರಲ್ಲಿ ಬಹುಕಾಲದ್ದು, ಪೂರ್ತಿ ಅಳಿದಿಲ್ಲ. ಹಾಗೆಂದು ಅವರನ್ನಷ್ಟೇ ದೂರುವುದು ಸುಲಭದ ದಾರಿ. ತಾರಸಿ ಮನೆಗಳಲ್ಲೂ ‘ಹೊರಗಾದ’ ಮಗಳಿಗೆ ಬೇರೆ ಚಾಪೆ, ಬೇರೆ ಲೋಟ ಕೊಡುವವರು ಕಡಿಮೆಯೇನಿಲ್ಲ.

ಬುಡದಲ್ಲಿರುವ ನಂಬಿಕೆ ಒಂದೇ: ಮುಟ್ಟಿನ ರಕ್ತ ಕೆಟ್ಟ ರಕ್ತ. ಅಲ್ಲ. ಗರ್ಭ ನಿಂತರೆ ಕೂಸಿಗೆ ಆಸರೆಯಾಗಲೆಂದು ಗರ್ಭಕೋಶದೊಳಗೆ ತಿಂಗಳು ತಿಂಗಳೂ ಬೆಳೆಯುವ ಪದರ, ನಿಲ್ಲದಿದ್ದಾಗ ಒಂದಿಷ್ಟು ರಕ್ತದೊಡನೆ ಕಳಚಿ ಬರುತ್ತದೆ. ಸಾಮಾನ್ಯವಾಗಿ ಹೋಗುವ ರಕ್ತ 30–40 ಮಿಲಿಲೀಟರ್. ಏಳು ದಿನ ಮೀರಿ ಹರಿದರೆ, ಗಂಟೆಗೊಂದು ಪ್ಯಾಡ್ ತೊಯ್ದರೆ ವೈದ್ಯರನ್ನು ಕಾಣಬೇಕು. ಮುಟ್ಟಾದವಳ ಕೈ ತಗುಲಿ ಉಪ್ಪಿನಕಾಯಿ ಬೂಸು ಹಿಡಿಯುವುದಿಲ್ಲ. ಒದ್ದೆ ಚಮಚ ಹಾಕಿದರೆ ಹಿಡಿದೀತು.

‘ಇದು ಸಂಪ್ರದಾಯ, ಕಾನೂನಿಗೇನು ಕೆಲಸ?’ ಎನ್ನುವವರಿದ್ದಾರೆ. 2023ರ ಜುಲೈಯಲ್ಲಿ ತುಮಕೂರು ತಾಲ್ಲೂಕಿನ ಮಲ್ಲೇನಹಳ್ಳಿ ಗೊಲ್ಲರಹಟ್ಟಿಯಲ್ಲಿ, ತಾಯಿಯೊಂದಿಗೆ ಊರಾಚೆ ಗುಡಿಸಲಲ್ಲಿದ್ದ ಹಸುಗೂಸು ಮಳೆ-ಶೀತಕ್ಕೆ ಸಿಕ್ಕು ತೀರಿಕೊಂಡಿತು. ಮುಟ್ಟಾದವರನ್ನು ಬಲವಂತವಾಗಿ ಹೊರಗಿಡುವುದು 2020ರಲ್ಲಿ ಜಾರಿಗೆ ಬಂದ ಕರ್ನಾಟಕದ ಮೌಢ್ಯ ನಿಷೇಧ ಕಾಯ್ದೆಯಡಿ ಅಪರಾಧ. ವಿಚಿತ್ರವೆಂದರೆ, ಸರ್ಕಾರವೇ ಕೆಲವು ಹಟ್ಟಿಗಳಲ್ಲಿ ಹೊರಗಾದ ಹೆಂಗಸರು ತಂಗಲೆಂದು ‘ಕೃಷ್ಣ ಕುಟೀರ’ ಕಟ್ಟಿಸಿಕೊಟ್ಟಿತ್ತು. ಮಳೆ ಸೋರದ ಸೂರು ಸಿಕ್ಕಿತು, ನಿಜ. ಹೊರಗಿಡುವುದಕ್ಕೆ ಸರ್ಕಾರಿ ಗೋಡೆಯೂ ಸಿಕ್ಕಿತು.

ಹುಡುಗರ ಪಾಡು ಬೇರೆ. ಅವರಿಗೆ ಹೇಳುವವರೇ ಇಲ್ಲ. ಬಸ್‌ಸ್ಟ್ಯಾಂಡ್ ಗೋಡೆಯ ‘ಗುಪ್ತರೋಗ’ದ ಜಾಹೀರಾತೇ ಗುರು. ಒಂದು ಹನಿ ವೀರ್ಯಕ್ಕೆ ಇಷ್ಟು ಹನಿ ರಕ್ತ ಎಂಬ ಲೆಕ್ಕಕ್ಕೆ ಯಾವ ಆಧಾರವೂ ಇಲ್ಲ. ನಿದ್ದೆಯಲ್ಲಿ ವೀರ್ಯ ಹೋಗುವುದು ರೋಗವಲ್ಲ, ನಿಶ್ಶಕ್ತಿಯೂ ಬಾರದು. ದನಿ ಒಡೆಯುವುದು, ಎದೆ ಕೊಂಚ ಊದಿ ನೋಯುವುದು ಕೂಡ ಈ ವಯಸ್ಸಿಗೆ ಸಹಜ. ಊತ ಬಹುಪಾಲು ತಾನಾಗಿ ಇಳಿಯುತ್ತದೆ.

‘ಬೇಡ ಅಂದರೂ ಹಿಂದೆ ಬಿದ್ದರೆ ಒಪ್ಪುತ್ತಾಳೆ’ ಎಂಬುದು ಸಿನಿಮಾ ಕಲಿಸಿದ ಪಾಠ. ಬೇಡ ಎಂದರೆ ಬೇಡವೇ. ಮತ್ತೆ ಮತ್ತೆ ಹಿಂಬಾಲಿಸುವುದು ಶಿಕ್ಷಾರ್ಹ. 18 ತುಂಬದವರ ವಿಷಯದಲ್ಲಿ ‘ಅವಳೂ ಒಪ್ಪಿದ್ದಳು’ ಎಂಬ ಮಾತು ಪೋಕ್ಸೊ ಕಾಯ್ದೆಯ ಮುಂದೆ ನಿಲ್ಲದು. ಇದನ್ನು ಹುಡುಗರಿಗೆ ಠಾಣೆಯಲ್ಲಿ ತಿಳಿಸುವ ಬದಲು ತರಗತಿಯಲ್ಲಿ ಹೇಳಬಾರದೇ?

ಹೇಳಿದರೆ ಮಕ್ಕಳು ಕೆಡುತ್ತಾರೆ ಎಂಬ ಭಯಕ್ಕೇ 2007ರಲ್ಲಿ ಲೈಂಗಿಕ ಶಿಕ್ಷಣವನ್ನು ಬೇಡವೆಂದ ರಾಜ್ಯಗಳಲ್ಲಿ ನಮ್ಮದೂ ಒಂದು. ಹಲವು ದೇಶಗಳ ಅಧ್ಯಯನಗಳನ್ನು ಒಟ್ಟುಮಾಡಿ ನೋಡಿದ ಯುನೆಸ್ಕೊ 2018ರಲ್ಲಿ ಹೇಳಿದ್ದು ಬೇರೆಯೇ: ಇಂಥ ಪಾಠದಿಂದ ಲೈಂಗಿಕ ಚಟುವಟಿಕೆ ಹೆಚ್ಚುವುದಿಲ್ಲ.

ಸರ್ಕಾರಿ ಆಸ್ಪತ್ರೆಗಳ ‘ಸ್ನೇಹ ಕ್ಲಿನಿಕ್’ಗಳು 10ರಿಂದ 19 ವರ್ಷದವರಿಗಾಗಿಯೇ ಇವೆ. ತೊಂದರೆಗೆ ಸಿಕ್ಕ ಮಕ್ಕಳಿಗೆ 1098 ಸಹಾಯವಾಣಿ ಇದೆ. ಎರಡನ್ನೂ ಮಗಳಿಗೆ ತಿಳಿಸಿ, ಮಗನಿಗೂ.