‘ಸ್ಟೇ’ ಮೀರಿ ಜಮೀನಿಗೆ ನುಗ್ಗಿದರೆ ಏನು ಮಾಡಬೇಕು?



ಮೇವು ಬೆಳೆಯುವ ಅರ್ಧ ಎಕರೆ, ಕೊಟ್ಟಿಗೆಯ ಜಾಗ, ಬಣವೆ ಒಟ್ಟುವ ಕಣ ಕೈತಪ್ಪಿದರೆ ಹಸು ಸಾಕುವುದು ಕಷ್ಟ. ಅಂಥ ಜಾಗದ ವ್ಯಾಜ್ಯದಲ್ಲಿ ಶಿರಾ ಕೋರ್ಟಿನಿಂದ ನಿಮಗೆ ತಡೆಯಾಜ್ಞೆ ಸಿಕ್ಕಿದೆ ಎಂದುಕೊಳ್ಳಿ. ಎದುರು ಪಕ್ಷದವರು ಅದನ್ನು ಲೆಕ್ಕಿಸದೆ ಬೇಲಿ ಕಿತ್ತರೆ? ‘ನ್ಯಾಯಾಂಗ ನಿಂದನೆ ಕೇಸು ಹಾಕಿ, ಜೈಲಿಗೆ ಹೋಗಲಿ’ ಎಂದು ಹೇಳುವವರು ಬೇಕಾದಷ್ಟು ಜನ. ಅದಕ್ಕೆ ಮೊದಲು ಈ ಸಂಗತಿಗಳು ತಿಳಿದಿರಲಿ.

ಕೇಸು ಬೇರೆ, ಆದೇಶ ಬೇರೆ

ಕೋರ್ಟಿನಲ್ಲಿ ಕೇಸು ಇದೆ ಎಂದ ಮಾತ್ರಕ್ಕೆ ಯಾರನ್ನೂ ತಡೆದಂತಲ್ಲ. ನ್ಯಾಯಾಧೀಶರು ಆದೇಶ ಮಾಡಿರಬೇಕು, ಅದು ಎದುರಿನವರಿಗೆ ತಿಳಿದಿರಬೇಕು, ತಿಳಿದೂ ಅವರು ಬೇಕೆಂದೇ ಮೀರಿರಬೇಕು. ಆಗ ಮಾತ್ರ ಅದು ಉಲ್ಲಂಘನೆ. ಆದ್ದರಿಂದ ಆದೇಶದ ದೃಢೀಕೃತ ನಕಲು ಪಡೆದು ಓದಿಸಿಕೊಳ್ಳಿ. ಸರ್ವೆ ನಂಬರ್, ವಿಸ್ತೀರ್ಣ, ಚಕ್ಕುಬಂದಿ ಸರಿಯಾಗಿವೆಯೇ? ಯಾರ ಮೇಲೆ, ಎಲ್ಲಿಯವರೆಗೆ ತಡೆ ಇದೆ? ಆದೇಶದಲ್ಲಿ ಇಲ್ಲದ್ದನ್ನು ನಿಂದನೆ ಎಂದು ವಾದಿಸಲು ಬರುವುದಿಲ್ಲ.

ಕಂದಾಯ ಕಟ್ಟಿದರೆ ಜಮೀನು ತಮ್ಮದೇ?

‘ಕಂದಾಯ ನಾವೇ ಕಟ್ಟುತ್ತಿದ್ದೇವೆ, ಜಮೀನು ನಮ್ಮದೇ’ ಎಂಬ ಮಾತು ಎಲ್ಲ ಊರಲ್ಲೂ ಇದೆ. ಕಂದಾಯದ ರಸೀದಿ ಸ್ವಾಧೀನಕ್ಕೆ ಪೂರಕ ಸಾಕ್ಷಿಯೇ ಹೊರತು ಹಕ್ಕುಪತ್ರವಲ್ಲ. ಪಹಣಿಯಲ್ಲಿರುವ ಹೆಸರನ್ನು, ತಪ್ಪೆಂದು ರುಜುವಾಗುವವರೆಗೆ, ಕಾನೂನು ಸರಿ ಎಂದೇ ನಂಬುತ್ತದೆ. ಆದರೂ ಖಾತೆ ಬದಲಾವಣೆಯಿಂದಲೇ ಮಾಲೀಕತ್ವ ಬರುವುದಿಲ್ಲ.

ನಿಮ್ಮ ಆದೇಶದಲ್ಲಿ ‘ಜಮೀನಿಗೆ ಪ್ರವೇಶಿಸಬಾರದು’ ಎಂದಷ್ಟೇ ಇದ್ದು, ಎದುರಿನವರು ಹೋಗಿ ಕಂದಾಯ ಕಟ್ಟಿ ಬಂದರೆ ಅದು ಉಲ್ಲಂಘನೆ ಆಗುವುದಿಲ್ಲ. ಪಹಣಿಯಲ್ಲಿ ಹೆಸರು ಬದಲಾಗಿದ್ದರೆ ತಡಮಾಡದೆ ಮಧುಗಿರಿಯ ಉಪವಿಭಾಗಾಧಿಕಾರಿಗಳಿಗೆ ಮೇಲ್ಮನವಿ ಸಲ್ಲಿಸಿ.

ಹಾಗೆಯೇ ಕಂದಾಯ ರಸೀದಿ ತೋರಿಸಿ ಯಾರೂ ನಿಮ್ಮನ್ನು ಬಲವಂತವಾಗಿ ಎಬ್ಬಿಸುವಂತಿಲ್ಲ. ನೆಲೆನಿಂತು ಶಾಂತವಾಗಿ ಸ್ವಾಧೀನದಲ್ಲಿ ಇರುವವರನ್ನು, ನಿಜವಾದ ಮಾಲೀಕರೇ ಆದರೂ, ಕಾನೂನಿನ ಮೂಲಕವೇ ಬಿಡಿಸಬೇಕು. ನಮ್ಮ ರಾಜ್ಯದಿಂದಲೇ ಹೋದ ರಾಮೇಗೌಡ ವಿರುದ್ಧ ವರದಪ್ಪ ನಾಯ್ಡು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2003ರಲ್ಲಿ ಹೇಳಿದ್ದು ಇದನ್ನೇ.

ಅರ್ಜಿ ಎಲ್ಲಿ ಹಾಕಬೇಕು?

ಶಿರಾ ಕೋರ್ಟಿನ ಮಧ್ಯಂತರ ತಡೆಯಾಜ್ಞೆ ಮೀರಿದರೆ ಮೊದಲು ಹೋಗಬೇಕಾದ್ದು ಅದೇ ಕೋರ್ಟಿಗೆ, ಬೆಂಗಳೂರಿಗಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39, ನಿಯಮ 2ಎ ಅಡಿ ಅರ್ಜಿ ಹಾಕಿಸಿ. ಉಲ್ಲಂಘನೆ ರುಜುವಾದರೆ ಎದುರಿನವರ ಆಸ್ತಿ ಜಪ್ತಿ ಮಾಡಬಹುದು, 3 ತಿಂಗಳವರೆಗೆ ಸಿವಿಲ್ ಬಂಧನದಲ್ಲಿಡಬಹುದು. ಕೇಸು ಮುಗಿದು ಡಿಕ್ರಿ ಆಗಿದ್ದರೆ ಅದೇ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ ಹಾಕಬೇಕು.

ಹೈಕೋರ್ಟ್ ಮಾಡಿದ ಆದೇಶವನ್ನು ಅಧಿಕಾರಿಗಳಾಗಲಿ ಬೇರೆಯವರಾಗಲಿ ಪಾಲಿಸದಿದ್ದರೆ 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಹೈಕೋರ್ಟಿಗೇ ಹೋಗಬೇಕು. ಅಲ್ಲಿ 6 ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ ಅಥವಾ ಎರಡನ್ನೂ ವಿಧಿಸಲು ಅವಕಾಶವಿದೆ. ಮನಃಪೂರ್ವಕ ಕ್ಷಮೆ ಕೇಳಿದರೆ ಬಿಡಲೂಬಹುದು. ಉಲ್ಲಂಘನೆ ನಡೆದ 1 ವರ್ಷದೊಳಗೆ ಅರ್ಜಿ ಹಾಕಬೇಕೆಂಬುದನ್ನು ಮರೆಯಬೇಡಿ. ಜಮೀನು ಯಾರದು ಎಂಬುದು ನಿಂದನೆ ಅರ್ಜಿಯಲ್ಲಿ ತೀರ್ಮಾನವಾಗುವುದಿಲ್ಲ. ಅದಕ್ಕೆ ಮೂಲ ದಾವೆಯನ್ನೇ ನಡೆಸಬೇಕು.

ಸಾಕ್ಷಿ ಕೂಡಿಡಿ

ಬೇಲಿ ಕಿತ್ತ ದಿನವೇ ಮೊಬೈಲಿನಲ್ಲಿ ಫೋಟೊ, ವಿಡಿಯೊ ತೆಗೆದಿಡಿ. ದಿನಾಂಕ, ಹೊತ್ತು, ಕಂಡವರ ಹೆಸರು ಬರೆದಿಡಿ. ಪೊಲೀಸ್ ಠಾಣೆಗೆ ಆದೇಶದ ನಕಲಿನೊಂದಿಗೆ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ಜಗಳಕ್ಕೆ ಜಗಳ ಬೇಡ.

ಆದೇಶ ನಿಮ್ಮ ವಿರುದ್ಧ ಬಂದರೂ ಇದೇ ನಿಯಮ. ತಪ್ಪು ಆದೇಶ ಎನ್ನಿಸಿದರೆ ಅದನ್ನು ತೆಗೆಸಲು ಅರ್ಜಿ ಹಾಕಿ ಅಥವಾ ಮೇಲ್ಮನವಿಗೆ ಹೋಗಿ. ರದ್ದಾಗುವವರೆಗೆ ಪಾಲಿಸಲೇಬೇಕು. ‘ಯಥಾಸ್ಥಿತಿ’ ಆದೇಶವಿದ್ದಾಗ ಕೊಟ್ಟಿಗೆಗೆ ಹೊಸ ಗೋಡೆ ಎಬ್ಬಿಸಿದರೆ ತೊಂದರೆ ನಿಮಗೇ.

ವಕೀಲರ ಫೀಜಿಗೆ ಹಣವಿಲ್ಲವೆಂದು ಸುಮ್ಮನಿರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಂತೆ, ಆದಾಯ ಎಷ್ಟೇ ಇರಲಿ, ಮಹಿಳೆಯರಿಗೆ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿ, ಇಲ್ಲವೇ 15100ಕ್ಕೆ ಕರೆ ಮಾಡಿ. ಹೋಗುವಾಗ ಆದೇಶದ ನಕಲು, ಪಹಣಿ, ಕಂದಾಯ ರಸೀದಿ ಮೂರನ್ನೂ ಒಯ್ಯಿರಿ.