ಮನೋಧ್ವನಿಶಾಸ್ತ್ರ

ಮನೋಧ್ವನಿಶಾಸ್ತ್ರವು ಧ್ವನಿಯ ಭೌತಿಕ ಕಂಪನಕ್ಕೂ ಅದನ್ನು ಕೇಳುವ ಮನಸ್ಸಿನ ಅನುಭವಕ್ಕೂ ಇರುವ ಸಂಬಂಧವನ್ನು ಅಳತೆ ಹಾಗೂ ಪ್ರಯೋಗಗಳ ಮೂಲಕ ಅಧ್ಯಯನ ಮಾಡುವ ವಿಜ್ಞಾನದ ಶಾಖೆ. ವಸ್ತುವೊಂದು ಕಂಪಿಸಿದಾಗ ಗಾಳಿಯಲ್ಲಿ ಏಳುವ ಅಲೆಯು ಭೌತಶಾಸ್ತ್ರದ ವಿಷಯ. ಆ ಅಲೆಯು ಮೃದುವೆಂದೋ ಕರ್ಕಶವೆಂದೋ, ಹತ್ತಿರದ್ದೆಂದೋ ದೂರದ್ದೆಂದೋ ತೋರುವುದು ಮನಸ್ಸಿನ ವ್ಯಾಪಾರ. ಈ ಶಾಸ್ತ್ರದ ನೆರಳಿನಲ್ಲಿಯೇ ಮನಸ್ಸು ಮತ್ತು ಕಂಪನಗಳನ್ನು ಜೋಡಿಸುವ ಅನೇಕ ಕಲ್ಪಿತ ‘ವಿಜ್ಞಾನ’ಗಳೂ ಪ್ರಚಾರದಲ್ಲಿವೆ. ಇವೆರಡನ್ನೂ ಬೇರ್ಪಡಿಸಿ ತಿಳಿಯಲು ವಿಜಯಪುರದ ಗೋಳಗುಮ್ಮಟಕ್ಕಿಂತ ಒಳ್ಳೆಯ ನಿದರ್ಶನ ಕರ್ನಾಟಕದಲ್ಲಿ ದೊರೆಯುವುದು ಕಷ್ಟ.

ಹಿನ್ನೆಲೆ

ಜರ್ಮನಿಯ ಗುಸ್ತಾವ್ ಫೆಕ್ನರ್ 1860ರಲ್ಲಿ ಸಂವೇದನೆಯನ್ನು ಅಳೆಯುವ ವಿಧಾನಗಳನ್ನು ನಿರೂಪಿಸಿದನು. 1863ರಲ್ಲಿ ಹೆಲ್ಮ್‌ಹೋಲ್ಟ್ಸ್ ಸ್ವರಗಳ ಅನುಭವದ ಕುರಿತು ಗ್ರಂಥ ರಚಿಸಿದನು. ಒಳಗಿವಿಯ ಶಂಖಾಕಾರದ ಅಂಗವು ಕಂಪನಗಳಿಗೆ ಸ್ಪಂದಿಸುವ ಬಗೆಯನ್ನು ವಿವರಿಸಿದ ಗೆಯೋರ್ಗ್ ಫಾನ್ ಬೆಕೆಶಿಗೆ 1961ರ ನೊಬೆಲ್ ಪ್ರಶಸ್ತಿ ಸಂದಿತು.

ಗೋಳಗುಮ್ಮಟದ ಧ್ವನಿ

ಗೋಳಗುಮ್ಮಟವು ಮುಹಮ್ಮದ್ ಆದಿಲ್ ಶಾಹನ (ಆಳ್ವಿಕೆ 1627–1656) ಸಮಾಧಿ. ಗುಮ್ಮಟದ ಒಳವ್ಯಾಸ ಸುಮಾರು 38 ಮೀಟರ್. ಅದರ ಬುಡದಲ್ಲಿ, ಒಳಗೋಡೆಯ ಸುತ್ತ ಪ್ರಸಿದ್ಧವಾದ ಪಿಸುಮಾತಿನ ಗ್ಯಾಲರಿಯಿದೆ. ಕಟ್ಟಿದ್ದು ಸಮಾಧಿಗಾಗಿ, ಧ್ವನಿಯ ವಿಶೇಷವು ಆ ಆಕಾರದ ಫಲ.

ಇಲ್ಲಿ ಎರಡು ಬೇರೆ ಬೇರೆ ವಿದ್ಯಮಾನಗಳಿವೆ. ಸಾಮಾನ್ಯವಾಗಿ ಇವನ್ನು ಒಂದೇ ಎಂದು ಭಾವಿಸಲಾಗುತ್ತದೆ. ಮೊದಲನೆಯದು ಪಿಸುಮಾತು. ತಿಕೋಟಾ ಅಥವಾ ಬಬಲೇಶ್ವರದ ಬಯಲು ಹೊಲದಲ್ಲಿ ನಿಂತು ಕೂಗಿದರೆ ದನಿಯು ಎಲ್ಲ ದಿಕ್ಕಿಗೂ ಹರಡಿ, ದೂರ ಇಮ್ಮಡಿಯಾದಾಗ ಅದರ ತೀವ್ರತೆ ಕಾಲುಭಾಗಕ್ಕೆ ಇಳಿಯುತ್ತದೆ. ಬಾಗಿದ ಗೋಡೆಯ ಮಗ್ಗುಲಲ್ಲಿ ಪಿಸುಗುಟ್ಟಿದಾಗ ಹಾಗಾಗುವುದಿಲ್ಲ. ಅಲೆಯು ಗೋಡೆಗೆ ಮತ್ತೆ ಮತ್ತೆ ತಾಗಿ ಪ್ರತಿಫಲಿಸುತ್ತ, ಗೋಡೆಯನ್ನೇ ಅಪ್ಪಿಕೊಂಡು ಸಾಗುತ್ತದೆ; ಆದ್ದರಿಂದ ಬಹಳ ನಿಧಾನವಾಗಿ ಕ್ಷೀಣಿಸುತ್ತದೆ. ಲಂಡನ್ನಿನ ಸೇಂಟ್ ಪಾಲ್ ಚರ್ಚಿನ ಗ್ಯಾಲರಿಯನ್ನು ಕುರಿತು ಲಾರ್ಡ್ ರೇಲಿ ಈ ವಿವರಣೆ ನೀಡಿದ್ದನು. ಸರ್ ಸಿ. ವಿ. ರಾಮನ್ ಅವರು 1922ರಲ್ಲಿ ಪ್ರಕಟಿಸಿದ ಇಂತಹ ಗ್ಯಾಲರಿಗಳ ಅಧ್ಯಯನದಲ್ಲಿ ಗೋಳಗುಮ್ಮಟವೂ ಸೇರಿದೆ. ಬೆಳಕಿನ ಚದುರುವಿಕೆಯ ಶೋಧಕ್ಕೆ ಮುನ್ನ ಅವರು ಬಹುಕಾಲ ಧ್ವನಿವಿಜ್ಞಾನಿಯಾಗಿದ್ದರೆಂಬುದನ್ನು ನಮ್ಮ ಪಠ್ಯಪುಸ್ತಕಗಳು ಮರೆಯುತ್ತವೆ.

ಎರಡನೆಯದು ಪ್ರತಿಧ್ವನಿ. ಗ್ಯಾಲರಿಯಲ್ಲಿ ಚಪ್ಪಾಳೆ ತಟ್ಟಿದರೆ ಸದ್ದು ಎದುರು ಗೋಡೆಗೆ ಹೋಗಿ ಮರಳಲು 76 ಮೀಟರ್ ಕ್ರಮಿಸಬೇಕು. ಸೆಕೆಂಡಿಗೆ ಸುಮಾರು 345 ಮೀಟರ್ ವೇಗದಲ್ಲಿ ಇದಕ್ಕೆ 0.22 ಸೆಕೆಂಡು ಬೇಕು. ಶಾಲೆಯ ಕೊಠಡಿಯಲ್ಲಿ 5 ಮೀಟರ್ ದೂರದ ಗೋಡೆಯಿಂದಲೂ ಸದ್ದು ಮರಳುತ್ತದೆ, ಆದರೆ 0.03 ಸೆಕೆಂಡಿನಷ್ಟೇ ತಡವಾಗಿ ಬರುವುದರಿಂದ ಮನಸ್ಸು ಅದನ್ನು ಮೂಲ ಧ್ವನಿಯೊಳಗೇ ಸೇರಿಸಿಬಿಡುತ್ತದೆ. ಗೋಡೆ ಎರಡು ಕಡೆಯೂ ತನ್ನ ಕೆಲಸ ಮಾಡಿದೆ. ‘ಒಂದು’ ಅಥವಾ ‘ಎರಡು’ ಎಂದು ತೀರ್ಮಾನಿಸಿದ್ದು ಕೇಳುಗನ ಮಿದುಳು.

ಗುಮ್ಮಟದಲ್ಲಿ ಪ್ರತಿಧ್ವನಿ ಏಳು ಬಾರಿ ಕೇಳುತ್ತದೆಂದು ಕೆಲವರೂ, ಹತ್ತಕ್ಕೂ ಹೆಚ್ಚು ಬಾರಿ ಎಂದು ಇತರರೂ ಹೇಳುತ್ತಾರೆ. ಈ ಭಿನ್ನತೆಗೆ ಯಾರೂ ಸುಳ್ಳು ಹೇಳಬೇಕಾಗಿಲ್ಲ. ಪ್ರತಿ ಮರುಕಳಿಕೆಯೂ ಹಿಂದಿನದಕ್ಕಿಂತ ಕ್ಷೀಣವಾಗಿರುತ್ತದೆ. ಅದು ಸುತ್ತಲಿನ ಗದ್ದಲಕ್ಕಿಂತ ಕೆಳಗಿಳಿದಾಗ ಕಿವಿಯ ಎಣಿಕೆ ನಿಲ್ಲುತ್ತದೆ. ಒಂದು ಸದ್ದು ಮತ್ತೊಂದನ್ನು ಹೀಗೆ ಮುಚ್ಚಿಹಾಕುವುದು ಈ ಶಾಸ್ತ್ರದ ಮುಖ್ಯ ವಿಷಯಗಳಲ್ಲೊಂದು. ಶಾಲಾ ಪ್ರವಾಸದ ಮಕ್ಕಳು ಒಟ್ಟಿಗೆ ಕೂಗುವ ಮಧ್ಯಾಹ್ನಕ್ಕೂ ಬೆಳಗಿನ ನಿಶ್ಶಬ್ದಕ್ಕೂ ಎಣಿಕೆ ಒಂದೇ ಆಗಲಾರದು. ಕೇಳುಗನ ವಯಸ್ಸೂ ಗಮನವೂ ಇದರಲ್ಲಿ ಸೇರುತ್ತವೆ.

ಮನಸ್ಸು ಕೇಳದ್ದನ್ನು ತುಂಬಿಕೊಳ್ಳುವುದೂ ಉಂಟು. 1970ರಲ್ಲಿ ರಿಚರ್ಡ್ ವಾರೆನ್ ಎಂಬ ಮನಶ್ಶಾಸ್ತ್ರಜ್ಞರು ಧ್ವನಿಮುದ್ರಿತ ವಾಕ್ಯವೊಂದರ ಒಂದು ಧ್ವನಿಯನ್ನು ತೆಗೆದು ಅಲ್ಲಿ ಕೆಮ್ಮನ್ನು ಸೇರಿಸಿದರು; ಕೇಳುಗರಿಗೆ ಆ ಪದ ಪೂರ್ಣವಾಗಿಯೇ ಕೇಳಿಸಿತು. ಆಚೆಯವರು ಏನು ಹೇಳುವರೆಂದು ಮೊದಲೇ ಬಲ್ಲವನಿಗೆ ಗ್ಯಾಲರಿಯ ಪಿಸುಮಾತು ಸ್ಪಷ್ಟವಾಗಿ ಕೇಳಿಸುವುದಕ್ಕೂ ಇದೇ ಬಗೆಯ ಕಾರಣವಿದೆ.

ಕಲ್ಪಿತ ವಿಜ್ಞಾನಗಳು

ಪ್ರತಿ ಭಾವನೆಗೂ ನಿಶ್ಚಿತ ಕಂಪನಾಂಕವಿದೆ, 432 ಹರ್ಟ್ಸ್ ಸ್ವರವು ಪ್ರಕೃತಿಯದು, ಕೆಲವು ಕಂಪನಗಳು ರೋಗ ಗುಣಪಡಿಸುತ್ತವೆ ಎಂಬ ಪ್ರತಿಪಾದನೆಗಳಿಗೆ ಪ್ರಯೋಗದ ಆಧಾರವಿಲ್ಲ. ಹರ್ಟ್ಸ್ ಎಂದರೆ ಸೆಕೆಂಡಿಗೆ ಎಷ್ಟು ಕಂಪನ ಎಂಬ ಲೆಕ್ಕ. ಸೆಕೆಂಡು ಮನುಷ್ಯರು ಒಪ್ಪಿಕೊಂಡ ಮಾನ. ನಮ್ಮ ಗಾಯಕರಂತೂ ತಮ್ಮ ಕಂಠಕ್ಕೆ ಒಗ್ಗುವ ಪಟ್ಟಿಯನ್ನೇ ಷಡ್ಜವಾಗಿ ಹಿಡಿಯುತ್ತಾರೆ. ವಿಜಯಪುರದಿಂದ ತಿಕೋಟಾ ಕಡೆಗಿನ ದಾರಿಯಲ್ಲಿರುವ ತೊರವಿಯ ಬಳಿ ನವರಸಪುರವನ್ನು ಕಟ್ಟಿಸಿ, ‘ಕಿತಾಬ್-ಎ-ನವರಸ್’ ರಚಿಸಿದ ಎರಡನೆಯ ಇಬ್ರಾಹಿಂ ಆದಿಲ್ ಶಾಹನು ತನ್ನ ಗೀತೆಗಳನ್ನು ಹೊಂದಿಸಿದ್ದು ರಾಗಗಳಿಗೆ. ಷಡ್ಜ ಏರಿದರೂ ಇಳಿದರೂ ರಾಗ ಅದೇ, ರಸವೂ ಅದೇ. ಏಕೆಂದರೆ ರಾಗವು ಸ್ವರಗಳ ಪರಸ್ಪರ ಸಂಬಂಧದಲ್ಲಿದೆ.

ಕಂಪಿಸುವ ತಟ್ಟೆಯ ಮೇಲಿನ ಮರಳು ಚಿತ್ತಾರವಾಗುವುದನ್ನು ಇಂತಹ ವಾದಗಳಿಗೆ ಸಾಕ್ಷಿಯಾಗಿ ತೋರಿಸುವುದುಂಟು. 1787ರಲ್ಲಿ ಕ್ಲಾಡ್ನಿ ವಿವರಿಸಿದ ಈ ಚಿತ್ತಾರಗಳು ತಟ್ಟೆಯ ಯಾವ ಭಾಗ ಅಲುಗದೆ ನಿಂತಿದೆ ಎಂಬುದನ್ನು ತಿಳಿಸುತ್ತವೆ; ಮನಸ್ಸಿನ ಬಗ್ಗೆ ಏನನ್ನೂ ತಿಳಿಸವು.

ಸಂಗೀತದಿಂದ ಮನಸ್ಸಿಗೆ ಪ್ರಯೋಜನವೇ ಇಲ್ಲವೆಂದು ಇದರ ಅರ್ಥವಲ್ಲ. ಶಸ್ತ್ರಚಿಕಿತ್ಸೆಗೆ ಮುನ್ನ ಸಂಗೀತ ಕೇಳಿದ ರೋಗಿಗಳ ಆತಂಕ ಕಡಿಮೆಯಾಗುವುದನ್ನು ಅಧ್ಯಯನಗಳು ದಾಖಲಿಸಿವೆ. ಆದರೆ ಅದು ವೈದ್ಯರ ಚಿಕಿತ್ಸೆಯ ಜೊತೆಗೆ ದೊರೆತ ನೆಮ್ಮದಿ. ಕಿವಿ ಮಂದವಾದವರು, ಖಿನ್ನತೆಯುಳ್ಳವರು ‘ಕಂಪನ ಚಿಕಿತ್ಸೆ’ಯನ್ನು ನೆಚ್ಚಿ ವೈದ್ಯರನ್ನು ಕಾಣಲು ತಡಮಾಡಿದರೆ ಹಾನಿ ಅವರಿಗೇ.

ಸರಳ ವೀಕ್ಷಣೆ

ವಿದ್ಯಾರ್ಥಿಗಳು ಗದ್ದಲವಿಲ್ಲದ ಬೆಳಗಿನ ವೇಳೆ ಗ್ಯಾಲರಿಯಲ್ಲಿ ಒಂದೇ ಒಂದು ಚಪ್ಪಾಳೆ ತಟ್ಟಿ ಮೊಬೈಲಿನಲ್ಲಿ ಮುದ್ರಿಸಿಕೊಳ್ಳಬಹುದು. ಕೇಳಿದ ಪ್ರತಿಧ್ವನಿಗಳನ್ನು ಪ್ರತಿಯೊಬ್ಬರೂ ಬೇರೆಯಾಗಿ ಎಣಿಸಿ ಬರೆದಿಟ್ಟು, ಬಳಿಕ ಮುದ್ರಿಕೆಯ ಅಲೆಚಿತ್ರದಲ್ಲಿ ಸುಮಾರು 0.22 ಸೆಕೆಂಡಿನ ಅಂತರದಲ್ಲಿ ಕಾಣುವ ಏರುಗಳೊಡನೆ ಹೋಲಿಸಬೇಕು. ಎರಡು ಎಣಿಕೆಗಳೂ ಸಮವಾಗಬೇಕೆಂಬ ನಿಯಮವೇನೂ ಇಲ್ಲ.